ಗೆದ್ದ ಮೇಲಿನ ಹದಿನೈದು ಸೆಕೆಂಡು

ಹೊಳೆದಂಡೆಯ ಆ ಮಠದಲ್ಲಿ ಮಧ್ಯಾಹ್ನದ ದಾಸೋಹ ಮುಗಿಯಿತೆಂದರೆ ಗಂಟೆಯ ಹಗ್ಗ ಕೂಡ ಅಲ್ಲಾಡುವುದಿಲ್ಲ. ಉಂಡವರೆಲ್ಲ ಕಂಬಕ್ಕೊಬ್ಬರಂತೆ ಒರಗಿ ಕಣ್ಣು ಮುಚ್ಚುತ್ತಾರೆ.

ಪಂಚಾಕ್ಷರಿ ಮಾತ್ರ ಆ ಹೊತ್ತಿಗೆ ಮಾಳಿಗೆ ಹತ್ತುತ್ತಿದ್ದ.

ಅವನಿಗೆ ಇಪ್ಪತ್ತಮೂರು ವರ್ಷ. ಶಾಸ್ತ್ರ ಕಲಿಯಲು ಬಂದು ನಾಲ್ಕು ವರ್ಷವಾಗಿತ್ತು. ಕಲಿಯುವ ಮರಿಸ್ವಾಮಿಗಳನ್ನು ಅಲ್ಲಿ ಎಲ್ಲರೂ ‘ದೇವರು’ ಎಂದೇ ಕರೆಯುವುದು ರೂಢಿ. ದಿನಕ್ಕೆ ನಲವತ್ತು ಸಲ ದೇವರೇ ಎನಿಸಿಕೊಂಡರೆ ಯಾರಿಗಾದರೂ ಸ್ವಲ್ಪ ತಲೆಗೆ ಏರುತ್ತದೆ. ಇವನಿಗೂ ಏರಿತ್ತು.

ಪ್ರವಚನ ರೆಕಾರ್ಡ್ ಮಾಡಲೆಂದು ಮಠದವರು ಅವನ ಕೈಗೆ ಒಂದು ಫೋನ್ ಕೊಟ್ಟಿದ್ದರು. ಪ್ರವಚನ ವಾರಕ್ಕೆ ಒಂದು ದಿನ. ಉಳಿದ ಆರು ದಿನ ಅದರಲ್ಲಿ ಯುದ್ಧ ನಡೆಯುತ್ತಿತ್ತು.

ಆಟ ಇಷ್ಟೇ. ಎಲ್ಲೆಲ್ಲಿಯವರೋ ನೂರು ಜನ ವಿಮಾನದಿಂದ ಒಂದು ದ್ವೀಪಕ್ಕೆ ಹಾರುತ್ತಾರೆ. ಒಬ್ಬರನ್ನೊಬ್ಬರು ಕೊಲ್ಲುತ್ತಾ ಹೋಗುತ್ತಾರೆ. ಕೊನೆಗೆ ಉಳಿದವನು ಗೆದ್ದ. ಗೆದ್ದವನಿಗೆ ಆ ಬರಿದಾದ ನೆಲದ ಮೇಲೆ ಹದಿನೈದು ಸೆಕೆಂಡು ಸಿಗುತ್ತದೆ. ಆಮೇಲೆ ಪರದೆ ಮುಚ್ಚುತ್ತದೆ.

ಆ ದಿನ ಪಂಚಾಕ್ಷರಿ ಗೆದ್ದ. ನಾಲ್ಕು ತಿಂಗಳಲ್ಲಿ ಅದೇ ಮೊದಲು.

ಕೊನೆಗೆ ಎದುರಿಗೆ ಉಳಿದವನ ಹತ್ತಿರ ಗುಂಡು ಮುಗಿದಿತ್ತು. ಆ ಆಟದಲ್ಲಿ ಬಾಣಲೆಯೂ ಒಂದು ಆಯುಧ. ಅದನ್ನೇ ಎತ್ತಿಕೊಂಡು ಅವನು ಬಣವೆಯ ಹಿಂದಿನಿಂದ ಓಡಿ ಬಂದ. ಪಂಚಾಕ್ಷರಿ ಒಂದೇ ಗುಂಡಿಗೆ ಕೆಡವಿದ.

ಕುಣಿಯುವುದಕ್ಕೆ ಅದರಲ್ಲಿ ಒಂದು ಬಟನ್ ಇದೆ. ಒತ್ತಿದ. ಬಿದ್ದವನ ಎದೆಯ ಮೇಲೆ ನಿಂತು ಸೊಂಟ ತಿರುಗಿಸಿ ಕುಣಿದ. ಅಷ್ಟಕ್ಕೇ ತೃಪ್ತಿಯಾಗದೆ, ಎದುರಾಳಿಗೂ ಕೇಳುವ ಮೈಕ್ ಒತ್ತಿ ಹೇಳಿದ: “ಸೌಟ್ ಹಿಡಿಯೋ ಕೈಗೆ ಬಂದೂಕು ಯಾಕ ಬೇಕಿತ್ತಲೇ? ಹೋಗು, ಒಲಿ ಊದ್ಕೋತ ಕುಂಡ್ರು.”

ಒಂದು ಕ್ಷಣ ಬಿಟ್ಟು ಅದೇ ಮಾತು ಕೆಳಗಿನಿಂದ ಬಂತು. ಅಡುಗೆಮನೆಯ ಬೆಳಕಿಂಡಿಯಿಂದ, ಅವನದೇ ದನಿಯಲ್ಲಿ.

ಪಂಚಾಕ್ಷರಿ ಬಗ್ಗಿ ನೋಡಿದ. ಮಠದ ಅಡುಗೆಯವನು ದುಂಡಪ್ಪ ಆರಿದ ಒಲೆಯ ಮುಂದೆ ಕೂತಿದ್ದ. ಐವತ್ತರ ಹತ್ತಿರದ ಮನುಷ್ಯ. ಕೈಯಲ್ಲಿ ಫೋನ್ ಇತ್ತು.

ಆ ಆಟದಲ್ಲಿ ಸತ್ತವನು ಕೂಡಲೇ ಹೊರಬೀಳಬೇಕೆಂದಿಲ್ಲ. ಕೊಂದವನ ಕಣ್ಣಿನಿಂದಲೇ ಮುಂದಿನದನ್ನು ನೋಡುತ್ತಾ ಇರಬಹುದು. ದುಂಡಪ್ಪ ನೋಡುತ್ತಾ ಇದ್ದ.

ಅವನು ತಲೆ ಎತ್ತಲಿಲ್ಲ. ಫೋನನ್ನು ಹಿಟ್ಟಿನ ಡಬ್ಬದ ಮೇಲೆ ಬೋರಲು ಇಟ್ಟ. ಎದ್ದು ಹೋಗಿ ಸೌಟು ತೊಳೆದ. ತೊಳೆದ ಸೌಟನ್ನೇ ಇನ್ನೊಮ್ಮೆ ತೊಳೆದ.

ನೆಲ ಬಾಯಿಬಿಟ್ಟಿದ್ದರೆ ಪಂಚಾಕ್ಷರಿ ಹೊಕ್ಕುಬಿಡುತ್ತಿದ್ದ. ಆದರೆ ಅವನು ನಿಂತದ್ದು ಮಾಳಿಗೆಯ ಮೇಲೆ.

ಆ ಸಂಜೆ ಪಂಕ್ತಿಯಲ್ಲಿ ಅವನ ಎಲೆಯ ಮುಂದೆ ದುಂಡಪ್ಪ ಎಂದಿನಂತೆ ಬಗ್ಗಿದ.

“ದೇವರ, ಇನ್ನೊಂದ್ ರೊಟ್ಟಿ ಹಾಕ್ಲೇನ್ರಿ?”

“ಸಾಕ್ರಿ.”

“ಮುಂಜಾನೆಯಿಂದ ಓದೀರಿ. ಅರ್ಧರ ಹಾಕ್ತೀನಿ.”

ಆ ಅರ್ಧ ರೊಟ್ಟಿಯನ್ನು ಪಂಚಾಕ್ಷರಿ ಚೂರು ಚೂರು ಮಾಡುತ್ತಾ ಕೂತ. ಬೈದಿದ್ದರೆ ಚೆನ್ನಾಗಿತ್ತು ಅನ್ನಿಸಿತು. ಗೊತ್ತಾಗಿಲ್ಲವೇನೋ ಎಂದೂ ಒಮ್ಮೆ ಆಸೆಪಟ್ಟ. ಆಸೆಪಟ್ಟದ್ದಕ್ಕೆ ಮತ್ತೂ ನಾಚಿಕೆಯಾಯಿತು.

ಮೂರನೆಯ ದಿನ ದುಂಡಪ್ಪ ಗುರುಗಳ ಮುಂದೆ ಬಂದು ನಿಂತ. ಗುರುಗಳು ಎಂಬತ್ತು ದಾಟಿದವರು, ಊರಿಗೆಲ್ಲ ಅಜ್ಜಾರು. ಪಂಚಾಕ್ಷರಿ ಅಲ್ಲೇ ಕೂತು ಅವರಿಗೆ ಓದಿ ಹೇಳುತ್ತಿದ್ದ.

“ಅಜ್ಜಾರ, ನಾ ಊರಿಗಿ ಹೋಗ್ತೀನ್ರಿ.”

“ಎಷ್ಟ ದಿನಕ್ಕ?”

“ಹೋಗೇಬಿಡ್ತೀನ್ರಿ.”

“ಹನ್ನೆರಡು ವರ್ಷ ಇದ್ದಾವ. ಯಾರರ ಏನರ ಅಂದ್ರೇನು?”

ಪಂಚಾಕ್ಷರಿಯ ಕೈಯಲ್ಲಿದ್ದ ಪುಸ್ತಕದ ಸಾಲುಗಳು ಕಲಸಿಹೋದವು.

“ಯಾರೂ ಏನೂ ಅಂದಿಲ್ರಿ,” ಎಂದ ದುಂಡಪ್ಪ.

ಅಜ್ಜಾರು ತಲೆಯಾಡಿಸಿದರು. “ಹೋಗು. ಆದ್ರ ಒಬ್ಬರಿಗೆ ಅಡಗಿ ಕಲಿಸಿ ಹೋಗು. ಮಠ ಉಪವಾಸ ಬೀಳಬಾರ್ದು.”

“ಯಾರಿಗ್ರಿ?”

“ನೋಡಿ ಹೇಳ್ತೀನಿ.”

ಮರುದಿನ ಬೆಳಿಗ್ಗೆ ಅಜ್ಜಾರು ಹೊಳೆಯಲ್ಲಿ ತಮ್ಮ ಪಂಚೆ ತಾವೇ ಒಗೆಯುತ್ತಿದ್ದರು. ಪಂಚಾಕ್ಷರಿ ಹೋಗಿ ಮೆಟ್ಟಿಲ ಮೇಲೆ ನಿಂತ.

“ಅಜ್ಜಾರ, ಒಬ್ಬ ಶಿಷ್ಯ ಇದ್ದಾನ್ರಿ. ಅವನಿಂದ ಒಂದ ತಪ್ಪಾಗೇತ್ರಿ.”

“ಯಾವ ಮಠದಾವ?”

“ಬ್ಯಾರೆ ಮಠದಾವ್ರಿ.”

“ಪಾಪ. ಆ ಮಠದಾಗ ಗುರು ಇಲ್ಲೇನು? ನಿನ್ನ ಯಾಕ ಇಷ್ಟ ದೂರ ಕಳಿಸ್ಯಾನ?”

ಕುಂಬಳಕಾಯಿ ಕಳ್ಳ ಅಂದರೆ ಹೆಗಲು ಮುಟ್ಟಿ ನೋಡಿಕೊಂಡ ಹಾಗಾಯಿತು. ಪಂಚಾಕ್ಷರಿ ಒದ್ದೆ ಮೆಟ್ಟಿಲ ಮೇಲೇ ಕೂತ. ಫೋನು, ಆಟ, ಬಾಣಲೆ, ಕುಣಿತ, ಆಡಿದ ಮಾತು, ಎಲ್ಲವನ್ನೂ ಹೇಳಿದ. ಹೇಳುವಾಗ ನೀರನ್ನೇ ನೋಡುತ್ತಿದ್ದ.

ಅಜ್ಜಾರು ಬೈಯಲಿಲ್ಲ. ಅವರಿಗೆ ಆಟದ ಬಗ್ಗೆಯೇ ಕುತೂಹಲ.

“ಗೆದ್ದ ಮ್ಯಾಲ ಏನೇನ್ ಮಾಡಬಹುದು?”

“ಕುಣೀಬಹುದ್ರಿ.”

“ಮತ್ತ?”

“ಗಾಳ್ಯಾಗ ಗುಂಡು ಹಾರಸಬಹುದು. ಗಾಡಿ ಸಿಕ್ಕರ ಸುಮ್ಮಸುಮ್ಮನ ಓಡಿಸಬಹುದು. ಬಾಂಬ್ ಒಗದು ತಾನ ಸಾಯಬಹುದು, ಗೆದ್ದದ್ದೇನೂ ಹೋಗಂಗಿಲ್ರಿ. ಫೋಟೋ ತಕ್ಕೋಬಹುದು.”

“ಸುಮ್ಮನ ನಿಂದ್ರಬಹುದೇನು?”

“ನಿಂದ್ರಬಹುದ್ರಿ. ಯಾರೂ ನಿಂದ್ರಂಗಿಲ್ಲ.”

“ಬಿದ್ದವರನ್ನ ಎಬ್ಬಿಸಬಹುದೇನು?”

“ಆಟ ನಡದಾಗ, ನಮ್ಮ ಕಡಿಯವರಾದ್ರ ಎಬ್ಬಿಸಬಹುದ್ರಿ. ಎದುರಿನವರನ್ನ ಆಗಂಗಿಲ್ಲ.”

“ಅವರಿಗಿ ಒಂದ ಮಾತರ ಹೇಳಬಹುದೇನು?”

“ಶಭಾಷ್ ಅನ್ನೂದೊಂದು ಬಟನ್ ಐತ್ರಿ.”

“ಒತ್ತಿದ್ಯೇನು?”

ಪಂಚಾಕ್ಷರಿಗೆ ಆ ಬಟನ್ ಎಲ್ಲಿದೆಯೆಂದು ಚೆನ್ನಾಗಿ ಗೊತ್ತಿತ್ತು. ಕುಣಿಯುವ ಬಟನ್ನಿನ ಪಕ್ಕದಲ್ಲೇ ಇತ್ತು.

“ಇಲ್ರಿ.”

ಅಜ್ಜಾರು ಪಂಚೆ ಹಿಂಡಿದರು. “ಆ ಹದಿನೈದು ಸೆಕೆಂಡು ಮುಗದ ಮ್ಯಾಲ ಎಲ್ಲಿಗಿ ಹೋಗ್ತಿ?”

“ಎಲ್ಲಾರೂ ಕೂಡೋ ಜಾಗ ಒಂದೈತ್ರಿ. ಆಟ ಸುರು ಆಗೂದೂ ಅಲ್ಲಿಂದನ, ಮುಗದ ಮ್ಯಾಲ ಹೋಗೂದೂ ಅಲ್ಲಿಗೇ.”

“ಸೋತವರು?”

“ಅವರು ಮೊದಲ ಹೋಗಿ ಮುಟ್ಟಿರ್ತಾರ್ರಿ.”

“ಹಂಗಾದ್ರ ಎಲ್ಲಾರಗಿಂತ ತಡಾ ಮಾಡಿ ಮನಿ ಮುಟ್ಟಿದವ ಗೆದ್ದಂಗ,” ಎಂದು ಅಜ್ಜಾರು ನಕ್ಕರು.

ಪಂಚಾಕ್ಷರಿಗೆ ನಗು ಬರಲಿಲ್ಲ. “ಈ ಫೋನ್ ಹೊಳಿಗೆ ಒಗದುಬಿಡ್ತೀನ್ರಿ ಅಜ್ಜಾರ.”

“ಫೋನ್ ಏನ್ ತಪ್ಪ ಮಾಡೈತಿ? ನೀ ಅಂದದ್ದನ್ನ ಮುಟ್ಟಿಸೈತಿ, ಅಷ್ಟ.”

“ಮೂರು ದಿನ ಉಪವಾಸ ಇರ್ತೀನ್ರಿ.”

“ಇರು. ದುಂಡಪ್ಪಗ ಆರು ರೊಟ್ಟಿ ಬಡಿಯೂದು ತಪ್ತೈತಿ.”

“ಒಂದು ತಿಂಗಳು ಮೌನ ಹಿಡೀತೀನ್ರಿ.”

“ಹೌದ್ ಹೌದು. ಮಾತಾಡಬೇಕಾದ ಹೊತ್ತಿಗೆ ಮೌನ ಭಾಳ ಅನುಕೂಲ.”

ಮಠದಲ್ಲಿ ನಾಲ್ಕು ವರ್ಷ ಓದಿದವನಿಗೆ ಪ್ರಾಯಶ್ಚಿತ್ತಗಳೇನು ಕಡಿಮೆಯೇ, ಬೇಕಾದಷ್ಟು ಬಾಯಿಪಾಠ ಇದ್ದವು. ಅವುಗಳಲ್ಲಿ ಯಾವುದರಲ್ಲೂ ದುಂಡಪ್ಪನ ಮುಖ ನೋಡಬೇಕಾಗಿರಲಿಲ್ಲ. ಅದು ಹೊಳೆದಾಗ ಪಂಚಾಕ್ಷರಿಯ ಕಿವಿ ಬಿಸಿಯಾದವು.

“ದುಂಡಪ್ಪಗ ಕಲಿಯಾಕ ಒಬ್ಬ ಬೇಕಾಗ್ಯಾನ,” ಎಂದರು ಅಜ್ಜಾರು. “ನೀ ಹೋಗು.”

ಅಡುಗೆಮನೆಯ ಬಾಗಿಲ ಪಕ್ಕದ ಗೂಟಕ್ಕೆ ದುಂಡಪ್ಪನ ಬಟ್ಟೆಯ ಚೀಲ ತೂಗುಹಾಕಿತ್ತು. ಬಾಯಿಗೆ ಬಿಗಿಯಾಗಿ ಗಂಟು ಹಾಕಿತ್ತು. ಕಲಿಸಿದ ಮರುದಿನವೇ ಹೊರಡುವವನ ಚೀಲ.

“ದುಂಡಪ್ಪಣ್ಣಾ, ಅವತ್ತ ಆಟದಾಗ ಹಂಗ ಅಂದಾವ ನಾನ.”

“ಗೊತ್ತೈತ್ರಿ ದೇವರ. ನಾಲ್ಕ ವರ್ಷ ಉಣಿಸೀನಿ. ನಿಮ್ಮ ದನಿ ಗುರುತ ಸಿಗಂಗಿಲ್ಲೇನ್ರಿ?”

“ನೀವಂತ ನನಗ ಗೊತ್ತಿದ್ದಿಲ್ರಿ.”

“ಬ್ಯಾರೆ ಯಾರರ ಆಗಿದ್ರ ನಡೀತಿತ್ತೇನ್ರಿ?”

ದುಂಡಪ್ಪ ಒಲೆಗೆ ಕಟ್ಟಿಗೆ ಸರಿಸಿದ.

“ಆಟದಾಗ ಸಾಯೂದೇನ್ ದೊಡ್ಡದಲ್ರಿ, ದಿನಾ ಸಾಯ್ತೀನಿ. ನೀವು ಕುಣಿದಿದ್ದೂ ಹೋಗ್ಲಿ. ಹನ್ನೆರಡು ವರ್ಷ ಈ ಸೌಟ್ ಹಿಡದೀನಿ, ಯಾರ ಮುಂದೂ ತಲಿ ತಗ್ಗಿಸಿದ್ದಿಲ್ಲ. ಅವತ್ತ ಈ ಸೌಟ್ ನೋಡಿ ನನಗ ನಾಚಿಕಿ ಬಂತ್ರಿ. ನಾಚಿಕಿ ಬಂದ ಕೈಲೆ ಮಂದಿಗೆ ಉಣಿಸಬಾರ್ದು.”

ಪಂಚಾಕ್ಷರಿ ಅವನ ಕಾಲಿಗೆ ಬಗ್ಗಿದ. ದುಂಡಪ್ಪ ಗಾಬರಿಯಿಂದ ಹಿಂದೆ ಸರಿದ.

“ಬ್ಯಾಡ್ರಿ. ದೇವರ ಕೈಲೆ ಕಾಲ ಮುಟ್ಟಿಸ್ಕೊಂಡ ಪಾಪ ನನಗ ಯಾಕ?”

“ತಪ್ಪಾತ್ರಿ ದುಂಡಪ್ಪಣ್ಣ. ಹೋಗಬ್ಯಾಡ್ರಿ.”

“ಹಿಟ್ಟ ನಾದ್ರಿ,” ಎಂದ ದುಂಡಪ್ಪ. “ನೀರ ಕಾದಾವು.”

ಪಂಚಾಕ್ಷರಿ ನಾದಿದ. ಬಿಸಿನೀರು ಕೈ ಸುಟ್ಟಿತು. ಜೋಳದ ಹಿಟ್ಟು ಅವನ ಶಾಸ್ತ್ರಕ್ಕೆ ಬಗ್ಗಲಿಲ್ಲ. ಬಡಿದರೆ ಅಂಚು ಒಡೆಯುತ್ತಿತ್ತು, ಎತ್ತಿದರೆ ನಡು ಹರಿಯುತ್ತಿತ್ತು, ಹೆಂಚಿಗೆ ಹಾಕಿದರೆ ಒಂದು ಕಡೆ ಕರಕು, ಇನ್ನೊಂದು ಕಡೆ ಹಸಿ. ಆ ವಾರ ಮಠದಲ್ಲಿ ಉಂಡವರೆಲ್ಲ ತಮ್ಮ ಹಲ್ಲು ಎಷ್ಟು ಗಟ್ಟಿ ಎಂದು ತಿಳಿದುಕೊಂಡರು.

ಮೊದಲ ದಿನಗಳಲ್ಲಿ ದುಂಡಪ್ಪ ಬೇಕಾದ ಮಾತಷ್ಟೇ ಆಡಿದ. ನೀರು ಹಾಕಿರಿ, ಉರಿ ತಗ್ಗಿಸಿರಿ, ಅಷ್ಟೇ. ಐದನೆಯ ದಿನ ಪಂಚಾಕ್ಷರಿಯ ಒಂದು ರೊಟ್ಟಿ ಹೆಂಚಿಗೆ ಹಿಡಿದುಕೊಂಡು ಏನು ಮಾಡಿದರೂ ಬಿಡಲಿಲ್ಲ. ದುಂಡಪ್ಪ ತಡೆದುಕೊಂಡು ತಡೆದುಕೊಂಡು ಕೊನೆಗೆ ನಕ್ಕುಬಿಟ್ಟ.

“ಬಾಣಲಿ ಹಿಡದು ಓಡಿ ಬಂದಾವ ನಾನ ನಿಮಗಿಂತ ಚಲೋ ಇದ್ದೆ ನೋಡ್ರಿ.”

ಪಂಚಾಕ್ಷರಿಯೂ ನಕ್ಕ. ಎಷ್ಟೋ ದಿನದ ಮೇಲೆ ಅವತ್ತು ಉಂಡದ್ದು ಮೈಗೆ ಹತ್ತಿತು.

ಎಂಟನೆಯ ದಿನ ದುಂಡಪ್ಪ ಆ ಚೀಲದ ಗಂಟು ಬಿಚ್ಚಿದ. ಒಳಗಿನಿಂದ ಒಂದು ಟವೆಲ್ ತೆಗೆದು ಹೆಗಲ ಮೇಲೆ ಹಾಕಿಕೊಂಡ. ಮರಳಿ ಗಂಟು ಹಾಕಲಿಲ್ಲ. ಪಂಚಾಕ್ಷರಿ ಅದನ್ನು ಓರೆಗಣ್ಣಿನಿಂದ ನೋಡಿದ. ಉಳಿಯುತ್ತಾನೆ ಎಂದುಕೊಂಡ. ಕೇಳುವ ಧೈರ್ಯ ಬರಲಿಲ್ಲ.

ಹನ್ನೊಂದನೆಯ ದಿನ ಅವನ ರೊಟ್ಟಿ ಉಬ್ಬಿತು. ಅಂಚು ಒಡೆದಿರಲಿಲ್ಲ, ನಡು ಹರಿದಿರಲಿಲ್ಲ. ಹೆಂಚಿನ ಮೇಲೆ ತುಂಬಿಕೊಂಡು ಎದ್ದಿತು.

“ಹೋಗ್ರಿ, ಅಜ್ಜಾರಿಗಿ ಕೊಟ್ಟ ಬರ್ರಿ,” ಎಂದ ದುಂಡಪ್ಪ. “ಆರಿಸಬ್ಯಾಡ್ರಿ.” ಅವನ ಮುಖದಲ್ಲಿ ಕಲಿಸಿದವನ ಹೆಮ್ಮೆ ಇತ್ತು.

ಅಜ್ಜಾರು ಅಡುಗೆಮನೆಯ ಎದುರಿನ ಜಗುಲಿಯಲ್ಲೇ ಕೂತಿದ್ದರು. ಪಂಚಾಕ್ಷರಿ ರೊಟ್ಟಿಯನ್ನು ಎರಡೂ ಕೈಯಲ್ಲಿ ಹಿಡಿದು ಹೋಗಿ ಅವರ ಮುಂದಿಟ್ಟ. ಅವರು ಒಂದು ತುತ್ತು ಮುರಿದು ಬಾಯಿಗೆ ಹಾಕಿಕೊಂಡರು.

“ಚಲೋ ಆಗೈತಿ.”

ಆ ಒಂದು ಮಾತಿಗೆ ಪಂಚಾಕ್ಷರಿಯ ಕಣ್ಣು ತುಂಬಿತು. ಇಷ್ಟು ದಿನ ಹೊತ್ತದ್ದು ಇಳಿದ ಹಾಗಾಯಿತು. ಅವನು ಕೈ ಮುಗಿದ. ಮನಸ್ಸಿನಲ್ಲಿ ಎಳ್ಳಷ್ಟೂ ಕೆಟ್ಟದ್ದಿರಲಿಲ್ಲ.

“ಹಂಗಾದ್ರ ಅಜ್ಜಾರ, ನನ್ನ ಅಡಗಿಮನಿ ಶಿಕ್ಷಾ ಮುಗೀತೇನ್ರಿ?”

ಅಜ್ಜಾರು ಅವನ ಭುಜದ ಆಚೆಗೆ ನೋಡಿದರು.

ಪಂಚಾಕ್ಷರಿ ತಿರುಗಿದ. ಅಡುಗೆಮನೆಯ ಬಾಗಿಲಲ್ಲಿ ದುಂಡಪ್ಪ ನಿಂತಿದ್ದ. ರೊಟ್ಟಿಯ ಜೊತೆಗೆ ಕೊಡಲೆಂದು ಬೆಣ್ಣೆಯ ಬಟ್ಟಲು ತಂದಿದ್ದ. ಅವನು ಬಟ್ಟಲನ್ನು ಹೊಸ್ತಿಲ ಮೇಲೆ ಇಟ್ಟ. ಹೆಗಲ ಮೇಲಿನ ಟವೆಲ್ ತೆಗೆದು ಮಡಿಸಿದ. ಗೂಟದ ಮೇಲಿನ ಚೀಲಕ್ಕೆ ಅದನ್ನು ತುರುಕಿ, ಬಾಯಿ ಎಳೆದು ಗಂಟು ಹಾಕಿದ. ಹಲ್ಲಿನಿಂದ ಕಚ್ಚಿ ಎಳೆದು ಇನ್ನೊಂದು ಗಂಟು ಹಾಕಿದ. ಒಳಗೆ ಹೋದ.

ಪಂಚಾಕ್ಷರಿಗೆ ಏನಾಯಿತೆಂದು ತಿಳಿಯಲಿಲ್ಲ. ಕೈ ಇನ್ನೂ ಮುಗಿದೇ ಇತ್ತು.

“ಅಜ್ಜಾರ, ನಾ ಈಗ ಏನಂದ್ನಿರಿ?”

ಅಜ್ಜಾರು ರೊಟ್ಟಿಯ ಇನ್ನೊಂದು ತುತ್ತು ಮುರಿದರು.

“ಮಾಳಿಗಿ ಮ್ಯಾಲ ಅಂದದ್ದನ್ನ ಅಂದಿ, ತಮ್ಮಾ. ಅವತ್ತ ಕುಣಕೋತ ಅಂದಿದ್ದಿ, ಇವತ್ತ ಕೈ ಮುಗದು ಅಂದಿ.”