ನೀರು ಬದಲಿಸಿದ ಗೊದಮೊಟ್ಟೆ

ತಾನಿದ್ದ ಹೊಂಡ ಬತ್ತಿಹೋದದ್ದರಿಂದ ಒಂದು ಗೊದಮೊಟ್ಟೆ ದೊಡ್ಡ ಕೆರೆಯ ವಿಶ್ವವಿದ್ಯಾಲಯಕ್ಕೆ ಬಂದು ಸೇರಿತು. ಈಜಿನಲ್ಲಿ ಅದನ್ನು ಮೀರಿಸುವವರಿರಲಿಲ್ಲ. ಆದರೆ ಗೊದಮೊಟ್ಟೆಗಳ ಈಜುಸ್ಪರ್ಧೆಗೆ ಹೆಸರು ಕೊಡಲು ಹೋದಾಗ ಕ್ರೀಡಾಧಿಕಾರಿ ಬಾತುಕೋಳಿ ತಡೆಯಿತು.

"ನೀರು ಬದಲಿಸಿದವರು ಒಂದು ಮಳೆಗಾಲ ಸ್ಪರ್ಧಿಸುವಂತಿಲ್ಲ. ಅದು ನಿಯಮ."

"ಮಳೆಗಾಲ ಮುಗಿಯುವಷ್ಟರಲ್ಲಿ ನಾನು ಗೊದಮೊಟ್ಟೆಯಾಗಿ ಉಳಿದಿರುವುದಿಲ್ಲವಲ್ಲ, ಸ್ವಾಮಿ."

"ಅದು ನಿಯಮದಲ್ಲಿಲ್ಲ."

ಸಂಕಟ ತಡೆಯಲಾರದೆ ಗೊದಮೊಟ್ಟೆ ಏಡಿಯನ್ನು ವಕೀಲನನ್ನಾಗಿ ಹಿಡಿದು, ನ್ಯಾಯಾಧೀಶ ಆಮೆಯ ಮುಂದೆ ಹೋಯಿತು. ಏಡಿ ಸೊಗಸಾಗಿಯೇ ವಾದಿಸಿತು, ಆದರೆ ಅಡ್ಡಡ್ಡಲಾಗಿ. ಅದು ವಿಷಯಕ್ಕೆ ಬರುವಷ್ಟರಲ್ಲಿ ಗೊದಮೊಟ್ಟೆಗೆ ಹಿಂಗಾಲುಗಳು ಮೂಡಿದ್ದವು.

"ಮಹಾಸ್ವಾಮಿ, ದಯವಿಟ್ಟು ಬೇಗ," ಎಂದು ಅದು ಅಂಗಲಾಚಿತು.

"ಎಳೆಯ ವಯಸ್ಸು ನಿನ್ನದು, ಆತುರವೇನು?" ಎಂದು ಹೇಳಿ ಆಮೆ ಯೋಚಿಸಲು ಚಿಪ್ಪಿನೊಳಗೆ ಹೋಯಿತು.

ಸ್ಪರ್ಧೆ ಮುಗಿಯಿತು. ಗೊದಮೊಟ್ಟೆಗೆ ಮುಂಗಾಲುಗಳೂ ಬಂದು, ಬಾಲ ಕರಗಿತು. ಆಮೇಲೊಂದು ದಿನ ಆಮೆ ತಲೆ ಹೊರಹಾಕಿ ತೀರ್ಪು ಕೊಟ್ಟಿತು.

"ನಿಯಮ ಅನ್ಯಾಯದ್ದು. ಗೊದಮೊಟ್ಟೆ ಈಜಲು ಅರ್ಹ. ಅರ್ಜಿದಾರರೆಲ್ಲಿ?"

"ನಾನೇ, ಮಹಾಸ್ವಾಮಿ," ಎಂದಿತು ಕಪ್ಪೆ.

ಆಮೆ ಅದನ್ನು ಮೇಲಿನಿಂದ ಕೆಳಗೆ ನೋಡಿತು. "ಅರ್ಜಿದಾರರಿಗೆ ಬಾಲವಿತ್ತು. ನೀನು ಯಾರೋ ಬೇರೆ. ಅವರು ಸಿಕ್ಕರೆ, ಗೆದ್ದರೆಂದು ತಿಳಿಸು."

ಹೊರಗೆ ಏಡಿ ಸಂಭ್ರಮದಿಂದ ಕಪ್ಪೆಯ ಕೈ ಕುಲುಕಿತು. "ದೊಡ್ಡ ಗೆಲುವು ನಮ್ಮದು."

"ನಾನೀಗ ಎಲ್ಲಿ ಈಜಲಿ, ವಕೀಲರೇ?"

"ಮೊದಲು ನೀವು ಗೊದಮೊಟ್ಟೆಯಾಗಿದ್ದಿರೆಂದು ಸಾಬೀತಾಗಲಿ," ಎಂದಿತು ಏಡಿ. "ಅದಕ್ಕೆ ಬೇರೆ ಅರ್ಜಿ ಹಾಕೋಣ."