ಮುಟ್ಟಿದರೆ ಮುದುಡುವ ಬಟ್ಟೆ

ಲೋಕ ಇನ್ನೂ ಹೊಸದಾಗಿದ್ದ ಕಾಲ ಅದು, ಪುಟ್ಟಾ. ಬೆಟ್ಟಗಳ ಮಣ್ಣು ಇನ್ನೂ ಆರಿರಲಿಲ್ಲ. ಗಾಳಿ, ನೀರು, ಹುಳುಹುಪ್ಪಟೆ ಎಲ್ಲವೂ ಮನುಷ್ಯರ ಜೊತೆ ಮಾತಾಡುತ್ತಿದ್ದವು, ಜಗಳವನ್ನೂ ಆಡುತ್ತಿದ್ದವು.

ಆಗ ಸತ್ತವರು ಒಂದು ದೊಡ್ಡ ಹೊಳೆ ದಾಟಿ ಆಚೆ ದಡಕ್ಕೆ ಹೋಗಬೇಕಿತ್ತು. ಆ ಹೊಳೆಗೆ ದೋಣಿಯಿಲ್ಲ, ಸೇತುವೆಯಿಲ್ಲ. ಬಟ್ಟೆಯೊಂದೇ ದಾರಿ. ಯಾರಾದರೂ ತೀರಿಕೊಂಡರೆ ಊರವರೆಲ್ಲ ಮಗ್ಗದ ಸುತ್ತ ಕೂತು ಅವರ ವಿಚಾರ ಹೇಳುವರು. ಹೇಳಿದ ಮಾತೆಲ್ಲ ಕದಿರಿಗೆ ಸುತ್ತಿಕೊಂಡು ಹಸಿರು ನೂಲಾಗುವುದು. ಆ ನೂಲಿನಲ್ಲಿ ನೇಯ್ದ ಬಟ್ಟೆಯನ್ನು ನೀರಿನ ಮೇಲೆ ಹಾಸಿದರೆ ಸತ್ತವರು ಅದರ ಮೇಲೆ ನಡೆದು ಹೋಗುವರು.

ನೇಯುವವಳು ಸಣ್ಣೀರವ್ವ. ಕೈ ಚುರುಕು, ಬಾಯಿ ಇನ್ನೂ ಚುರುಕು. ಬಟ್ಟೆಯನ್ನು ತಬ್ಬಿಕೊಂಡು ಅಳುತ್ತ ಕೂತವರನ್ನು ಕಂಡರೆ ಗದರುತ್ತಿದ್ದಳು.

"ಬಿಚ್ರೋ, ಬೇಗ ಹಾಸ್ರೋ! ಹೋಗೋರನ್ನ ಎಷ್ಟೊತ್ತು ನಿಲ್ಲಿಸ್ತೀರಿ?"

ಒಂದು ಮಳೆಗಾಲದಲ್ಲಿ ಜ್ವರ ಬಂದು ಅವಳ ಒಬ್ಬಳೇ ಮಗಳು ಚೆನ್ನಿ ತೀರಿಕೊಂಡಳು.

ಊರವರು ಬಂದು ಕೂತರು. ಚೆನ್ನಿ ತನ್ನ ಪಾಲಿನ ರೊಟ್ಟಿಯನ್ನು ಮೇಕೆಮರಿಗೆ ತಿನ್ನಿಸಿದ್ದನ್ನು ಒಬ್ಬರು ಹೇಳಿದರು. ಪೂಜೆಗೆ ಹೂ ತಾ ಎಂದರೆ ಕುಂಬಳದ ಹೂ ತಂದಿದ್ದನ್ನು ಇನ್ನೊಬ್ಬರು ಹೇಳಿದರು. ಸಣ್ಣೀರವ್ವ ಕಣ್ಣಲ್ಲಿ ಒಂದು ಹನಿಯೂ ಇಲ್ಲದೆ ನೇಯ್ದಳು. ಅಂಚಿಗೆ ಗುಲಾಬಿ ಬಣ್ಣದ ಕುಚ್ಚು ಕಟ್ಟಿದಳು. ಆಮೇಲೆ ಬಟ್ಟೆಯನ್ನು ಮಡಿಚಿ ಮಡಿಲಲ್ಲಿಟ್ಟುಕೊಂಡು ಹೊಳೆಯ ದಂಡೆಯಲ್ಲಿ ಕೂತಳು. ಹಾಸಲಿಲ್ಲ.

ಗಾಳಿ ಬಂತು. "ನಾನು ಬಿಚ್ಚಿಕೊಡ್ತೀನಿ ಕಣವ್ವ" ಎಂದು ಬಟ್ಟೆಯನ್ನು ಮುಟ್ಟಿತು. ನೇಯ್ದವಳ ಮನಸ್ಸು ಹೇಗೋ ಬಟ್ಟೆಯೂ ಹಾಗೆ. ಅದು ಮುದುಡಿಕೊಂಡಿತು.

ಹೊಳೆ ಅಲೆಯ ಕೈ ಚಾಚಿ ಎಳೆಯಿತು. ಬಟ್ಟೆ ಇನ್ನಷ್ಟು ಮುದುಡಿಕೊಂಡಿತು.

ಕೊಕ್ಕರೆಗೆ ಬುದ್ಧಿ ಹೇಳುವ ಚಾಳಿ. "ಹೀಗೆ ಕೂತರೆ ಹೋದವಳು ಬರ್ತಾಳಾ? ಧೈರ್ಯ ತಂದ್ಕೋ" ಎಂದು ಕೊಕ್ಕಿನಿಂದ ಜಗ್ಗಿತು. ಬಟ್ಟೆ ಮತ್ತಷ್ಟು ಮುದುಡಿಕೊಂಡಿತು. ಸಣ್ಣೀರವ್ವನಿಗೆ ರೇಗಿಹೋಯಿತು. ಇನ್ನು ಯಾರೂ ಕೈ ಹಾಕಬಾರದೆಂದು ಅಂಚಿನ ತುಂಬ ಸೂಜಿ ಚುಚ್ಚಿಟ್ಟಳು.

ಆಗ ಬಸವನಹುಳು ಬಂತು. ಅದು ಎಲ್ಲರಿಗಿಂತ ತಡವಾಗಿ ಬಂತು, ಪಾಪ, ಅದರ ನಡಿಗೆಯೇ ಅಷ್ಟು.

"ನೀವೆಲ್ಲ ಸ್ವಲ್ಪ ಆಚೆ ಹೋಗಿ" ಎಂದಿತು. "ನನ್ನನ್ನೂ ಯಾರಾದ್ರೂ ಮುಟ್ಟಿದರೆ ಒಳಗೆ ಹೋಗ್ಬಿಡ್ತೀನಿ. ಎಳೆದರೆ ಬರೋದಿಲ್ಲ. ಸುಮ್ಮನೆ ಬಿಟ್ಟರೆ ನಾನೇ ಬರ್ತೀನಿ."

ಕೊಕ್ಕರೆ ಗೊಣಗುತ್ತ ಹಾರಿಹೋಯಿತು. ಗಾಳಿ ನಿಂತಿತು. ಹೊಳೆ ಸದ್ದು ತಗ್ಗಿಸಿತು. ಬಸವನಹುಳು ಸಣ್ಣೀರವ್ವನ ಪಕ್ಕದಲ್ಲಿ ಕೂತಿತು. ಮುಟ್ಟಲಿಲ್ಲ, ಮಾತಾಡಲೂ ಇಲ್ಲ.

ಬಹಳ ಹೊತ್ತಿನ ಮೇಲೆ ಅವಳೇ ಕೇಳಿದಳು. "ಬಿಚ್ಚಿದರೆ ನನ್ನ ಮಗು ಹೋಗ್ಬಿಡ್ತಾಳೆ, ಅಲ್ವಾ?"

"ಹೌದವ್ವ. ಹೋಗ್ತಾಳೆ."

ಸುತ್ತ ಅಷ್ಟು ಮೌನವಿದ್ದುದರಿಂದ ನೀರಂಚಿನಿಂದ ಒಂದು ಸಣ್ಣ ದನಿ ಕೇಳಿಸಿತು. ಇಷ್ಟು ಹೊತ್ತೂ ಅದು ಕರೆಯುತ್ತಲೇ ಇತ್ತು, ಗದ್ದಲದಲ್ಲಿ ಯಾರಿಗೂ ಕೇಳಿಸಿರಲಿಲ್ಲ.

"ಅವ್ವಾ, ಕಾಲು ನೋಯ್ತಾ ಇದೆ. ಇನ್ನೂ ನಿಂತ್ಕೊಂಡೇ ಇರ್ಲಾ?"

ಸಣ್ಣೀರವ್ವ ಬಿಕ್ಕಿ ಬಿಕ್ಕಿ ಅತ್ತಳು. ಅವಳು ಅಳುತ್ತಿದ್ದ ಹಾಗೆ ಬಟ್ಟೆ ಮಡಿಕೆ ಮಡಿಕೆಯಾಗಿ ತಾನೇ ಬಿಚ್ಚಿಕೊಂಡು ಆಚೆ ದಡದವರೆಗೂ ಹಾಸಿಕೊಂಡಿತು. ಚೆನ್ನಿ ಅದರ ಮೇಲೆ ಕಾಲಿಟ್ಟಳು.

"ನಿಧಾನ ಕಣೇ ಮಗಳೇ, ಜಾರೀಯೆ!" ಎಂದು ಅವ್ವ ಕೂಗಿದಳು. ಆಚೆ ದಡ ಮುಟ್ಟಿದ ಚೆನ್ನಿ ತಿರುಗಿ ಕೈಬೀಸಿದಳು.

ಬಟ್ಟೆಯ ಈಚೆ ತುದಿ ದಂಡೆಯ ಮಣ್ಣಿನಲ್ಲಿ ಬೇರುಬಿಟ್ಟಿತು. ನೂಲು ಎಲೆಯಾಯಿತು, ಸೂಜಿ ಮುಳ್ಳಾಯಿತು, ಕುಚ್ಚು ಹೂವಾಯಿತು. ಜನ ಅದನ್ನು ನಾಚಿಕೆಮುಳ್ಳು ಅನ್ನುತ್ತಾರೆ. ಅದಕ್ಕೆ ನಾಚಿಕೆಯೂ ಇಲ್ಲ, ಏನೂ ಇಲ್ಲ.

ಅದಕ್ಕೇ ಕಂದಾ, ದಾರಿಬದಿಯ ಆ ಗಿಡದ ಎಲೆ ಇವತ್ತಿಗೂ ಮುಟ್ಟಿದ ಕೂಡಲೇ ಮುದುಡಿಕೊಳ್ಳುತ್ತದೆ, ಪಕ್ಕದಲ್ಲಿ ಸುಮ್ಮನೆ ಕೂತವರಿಗೆ ಮಾತ್ರ ಮೆಲ್ಲಗೆ ತೆರೆದುಕೊಳ್ಳುತ್ತದೆ.