ಮೊದಲು ಮರಳಿದ ಮಾತು

ಕೃಷ್ಣಾ ನದಿಯ ದಂಡೆಯ ಮೇಲೆ ರಾಚಯ್ಯಜ್ಜನ ಆಶ್ರಮವಿತ್ತು. ಎರಡು ಕೋಣೆ, ಒಂದು ಅಡುಗೆಮನೆ, ಅಂಗಳದಲ್ಲಿ ಒಂದು ಬೇವಿನ ಮರ.

ಅಜ್ಜನ ಬಳಿ ಚಿನ್ಮಯ ಎಂಬ ಶಿಷ್ಯನಿದ್ದ. ಬಂದು ಹನ್ನೊಂದು ವರ್ಷವಾಗಿತ್ತು. ಆ ಸುತ್ತಲಿನವರೆಲ್ಲ ಒಂದು ರೀತಿಯಲ್ಲಿ ಮಾತನಾಡಿದರೆ, ಚಿನ್ಮಯ ಪುಸ್ತಕದಲ್ಲಿ ಬರೆದಂತೆ ಮಾತನಾಡುತ್ತಿದ್ದ. ಒಂದು ಅಕ್ಷರ ಅತ್ತಿತ್ತ ಆಗುತ್ತಿರಲಿಲ್ಲ. ಬೇರೆಯವರದು ಅತ್ತಿತ್ತ ಆದರೆ ತಿದ್ದುತ್ತಿದ್ದ.

ಅಡುಗೆ ಮಾಡುವ ಗಂಗವ್ವ ಒಂದು ದಿನ ಅಂದಳು: "ಇಲ್ಲಿ ಕುಂತ್ರ ಮನಸ್ಸಿಗೆ ಸಾಂತಿ ಸಿಗತೈತಿ ನೋಡ್ರಿ ಅಜ್ಜಾ."

"ಸಾಂತಿ ಅಲ್ಲ ಗಂಗವ್ವ, ಶಾಂತಿ," ಎಂದ ಚಿನ್ಮಯ.

ಗಂಗವ್ವ ಎದ್ದು ಒಳಗೆ ಹೋದಳು.

ಅಜ್ಜ ಕೇಳಿದರು: "ಆಕಿ ಏನಂದ್ಲು ಅನ್ನೂದು ನಿನಗ ತಿಳೀಲಿಲ್ಲೇನು?"

"ತಿಳಿಯಿತು ಅಜ್ಜಾ. ಆದರೆ ಉಚ್ಚಾರ ತಪ್ಪಿತ್ತು."

"ಉಚ್ಚಾರ ತಪ್ಪಿತ್ತು, ಖರೆ. ಆದ್ರ ಸಾಂತಿ ಆಕೀ ಹತ್ರ ಇತ್ತು. ನೀ ತಿದ್ದಿದ ಮ್ಯಾಲ ಹೋತು."

ಚಿನ್ಮಯ ನಕ್ಕ.

ಆ ವರ್ಷ ಶ್ರಾವಣದಲ್ಲಿ ನದಿಯ ಮೆಟ್ಟಿಲು ಪಾಚಿಗಟ್ಟಿದ್ದವು. ಬೆಳಗಿನ ಸ್ನಾನಕ್ಕೆ ಇಳಿದ ಚಿನ್ಮಯ ಜಾರಿ ಬಿದ್ದ. ತಲೆಯ ಎಡಭಾಗ ಕಲ್ಲಿಗೆ ಬಡಿಯಿತು.

ಜಿಲ್ಲಾ ಕೇಂದ್ರದ ಆಸ್ಪತ್ರೆಯಲ್ಲಿ ತಲೆಯ ಆಪರೇಷನ್ ಆಯಿತು. ಆರನೆಯ ದಿನ ಕಣ್ಣು ಬಿಟ್ಟ. ಅಜ್ಜನನ್ನು ಕಂಡು ಕೈ ಜೋಡಿಸಿದ. ಬಾಯಿ ತೆರೆದ. ಮಾತು ಬರಲಿಲ್ಲ.

ಡಾಕ್ಟರಮ್ಮ ಅಜ್ಜನನ್ನು ಹೊರಗೆ ಕರೆದು ಹೇಳಿದರು: "ಮಾತು ಕಟ್ಟೋ ಜಾಗಕ್ಕ ಪೆಟ್ಟು ಬಿದ್ದದ್ರಿ. ನೀವು ಹೇಳಿದ್ದು ಇವರಿಗೆ ಬಹಳಷ್ಟು ತಿಳೀತದ. ತಾವೇನು ಹೇಳಬೇಕು ಅನ್ನೋದೂ ಗೊತ್ತದ. ಶಬ್ದ ಮಾತ್ರ ಸಿಗಂಗಿಲ್ಲ."

"ತಿರುಗಿ ಬರ್ತದೇನ್ರಿ?"

"ಎಷ್ಟು ಬರ್ತದ ಅಂತ ಈಗ ಹೇಳೋಕಾಗಲ್ಲ. ದಿನಾ ಮಾತಾಡಸ್ರಿ. ಅವರು ಹುಡುಕಾಡೋವಾಗ ಸುಮ್ಮನ ಕಾಯ್ರಿ. ಅವರ ಶಬ್ದಾ ನೀವು ಹೇಳಿಬಿಡಬ್ಯಾಡ್ರಿ."

ಅಜ್ಜ ಅವನನ್ನು ಆಶ್ರಮಕ್ಕೆ ಕರೆತಂದರು.

ದಿನವೂ ಬೇವಿನ ಕೆಳಗೆ ಕೂರಿಸಿ ಒಂದೊಂದು ವಸ್ತು ತೋರಿಸುತ್ತಿದ್ದರು. ನೀರಿನ ಚರಿಗೆ ಎತ್ತಿ, "ಇದರೊಳಗ ಏನೈತಿ?" ಎನ್ನುತ್ತಿದ್ದರು.

ಚಿನ್ಮಯ ಚರಿಗೆಯನ್ನು ನೋಡುತ್ತಿದ್ದ. ತುಟಿ ಅಲುಗುತ್ತಿತ್ತು. ಹಣೆಯಲ್ಲಿ ಬೆವರು ಒಡೆಯುತ್ತಿತ್ತು. "ನಾ... ಮೀ..." ಎಂದು ಅಲ್ಲಿಗೇ ನಿಲ್ಲುತ್ತಿದ್ದ. ತಾನು ಆಡಿದ್ದು ತಪ್ಪು ಎಂದು ಅವನಿಗೆ ತಿಳಿಯುತ್ತಿತ್ತು. ಅದೇ ಅವನನ್ನು ಹೆಚ್ಚು ಸುಡುತ್ತಿತ್ತು.

ಒಂದು ದಿನ ಚರಿಗೆಯನ್ನು ಕೈಯಿಂದ ತಳ್ಳಿಬಿಟ್ಟ. ನೀರು ಅಂಗಳದ ತುಂಬ ಹರಿಯಿತು.

ಅಜ್ಜ ಮತ್ತೆ ತುಂಬಿಸಿ ತಂದರು.

ಇಪ್ಪತ್ತು ದಿನ ಹೀಗೇ ಕಳೆಯಿತು. ಆಮೇಲೆ ಒಂದು ಮಧ್ಯಾಹ್ನ ಚಿನ್ಮಯನಿಗೆ ಜ್ವರ ಬಂತು. ಗಂಗವ್ವ ಹಣೆಗೆ ಒದ್ದೆ ಬಟ್ಟೆ ಹಾಕುತ್ತಿದ್ದಳು. ಅವನು ಕಣ್ಣು ಮುಚ್ಚಿಕೊಂಡೇ ಅಂದ: "ಯಾಡಿ... ಪಾಣಿ."

ಗಂಗವ್ವ ಅಜ್ಜನನ್ನು ಕೂಗಿದಳು. "ಅಜ್ಜಾ, ಇಂವ ಮಾತಾಡಿದ್ನ್ರಿ. ಆದ್ರ ನಮ್ಮ ಮಾತಲ್ಲ. ಇದು ತಾಂಡಾದವರ ಮಾತು. ಲಂಬಾಣಿ ಹೆಣ್ಮಕ್ಕಳ ಜೋಡಿ ನಾ ಹೊಲದಾಗ ದುಡದೀನಿ. ಯಾಡಿ ಅಂದ್ರ ಅವ್ವ."

ಚಿನ್ಮಯ ಕಣ್ಣು ಬಿಟ್ಟ. ಇಬ್ಬರನ್ನೂ ನೋಡಿದ. ತಾನು ಏನು ಆಡಿದೆ ಎಂಬುದು ತಿಳಿಯಿತು. ಗೋಡೆಯ ಕಡೆ ಹೊರಳಿ ಮುಖ ಮುಚ್ಚಿಕೊಂಡ.

ಹೊರಗೆ ಬಂದ ಮೇಲೆ ಗಂಗವ್ವ ಮೆಲ್ಲಗೆ ಅಂದಳು: "ಇಲ್ಲಿಗೆ ಬಂದಾಗ ಇಂವ, 'ನನಗ ಯಾರೂ ಇಲ್ಲ, ಅವ್ವ-ಅಪ್ಪ ಸತ್ತಾರ' ಅಂದಿದ್ನಲ್ರಿ."

"ಹೌದು."

"ಸತ್ತಾಕೀನ ನೀರು ಕೇಳ್ತಾರೇನ್ರಿ ಅಜ್ಜಾ?"

"ಕೇಳ್ತಾರ. ಇದ್ದಾಕೀನೂ ಕೇಳ್ತಾರ."

ಜ್ವರ ಇಳಿದ ಮರುದಿನ ಅಜ್ಜ ಬೇವಿನ ಕಟ್ಟೆಯ ಮೇಲೆ ಶಿಷ್ಯನನ್ನು ಕೂರಿಸಿದರು. ತಾವು ಕೆಳಗೆ, ನೆಲದ ಮೇಲೆ ಕೂತರು.

ಚಿನ್ಮಯ ಗಾಬರಿಯಾಗಿ ಇಳಿಯಲು ಹೋದ. ಅಜ್ಜ ಮೊಣಕಾಲು ಹಿಡಿದು ತಡೆದರು.

"ಕಲಿಯಾಕ ಬಂದಾವ ಕೆಳಗ ಕೂಡಬೇಕು. ನನಗ ನಿಮ್ಮ ಮಾತು ಬರೂದಿಲ್ಲ. ಕಲಸು."

ಚರಿಗೆ ತೋರಿಸಿದರು.

ಚಿನ್ಮಯ ತಲೆ ತಗ್ಗಿಸಿದ. ಆಮೇಲೆ, ಯಾರಿಗೂ ಕೇಳಬಾರದು ಎಂಬಂತೆ, "ಪಾಣಿ" ಎಂದ.

"ಪಾಣಿ," ಎಂದರು ಅಜ್ಜ.

ಅಜ್ಜ ರೊಟ್ಟಿ ತೋರಿಸಿದರು.

"ಬಾಟಿ."

"ಬಟ್ಟಿ," ಎಂದರು ಅಜ್ಜ.

ಚಿನ್ಮಯ ತಲೆಯಾಡಿಸಿದ. "ಬಾಟಿ."

"ಬಟಿ."

ಚಿನ್ಮಯ ನಕ್ಕ. ಬಿದ್ದ ದಿನದಿಂದ ಅದೇ ಮೊದಲ ನಗು. ಬಾಯಿ ದೊಡ್ಡದಾಗಿ ತೆರೆದು, ಎಳೆದು, ಮತ್ತೊಮ್ಮೆ ಹೇಳಿಕೊಟ್ಟ. ಮೂರನೆಯ ಸಲ ಅಜ್ಜನಿಗೆ ಸರಿಯಾಗಿ ಬಂತು.

ಅಡುಗೆಮನೆಯ ಬಾಗಿಲಲ್ಲಿ ನಿಂತಿದ್ದ ಗಂಗವ್ವ ಸೆರಗಿನಿಂದ ಕಣ್ಣು ಒರೆಸಿಕೊಂಡಳು.

ಪಾಠ ದಿನವೂ ನಡೆಯಿತು. ಆ ಮಾತಿನ ಬೆನ್ನಿಗೇ ಒಂದೊಂದು ಕನ್ನಡ ಶಬ್ದವೂ ಬರತೊಡಗಿತು. "ಪಾಣಿ" ಎಂದವನು ಸ್ವಲ್ಪ ತಡೆದು "ನೀರು" ಎನ್ನುತ್ತಿದ್ದ. ಕೆಲವು ದಿನ ಅದೂ ಬರುತ್ತಿರಲಿಲ್ಲ.

ಒಂದು ಸಂಜೆ ಅವನು ತಲೆ ಮುಟ್ಟಿಕೊಂಡು ಕೇಳಿದ: "ಅಜ್ಜಾ... ಕನ್ನಡ... ಹೋತು. ಇದು... ಯಾಕ?"

ಅವನು ಕೇಳಿದ್ದು ಅಜ್ಜನಿಗೆ ತಿಳಿಯಿತು. ಅಷ್ಟು ಓದಿ ಕಲಿತದ್ದು ಹೋಗಿ, ಬೇಡವೆಂದು ಬಿಟ್ಟದ್ದು ಯಾಕೆ ಉಳಿಯಿತು?

"ನಾನೂ ಡಾಕ್ಟರಮ್ಮನ್ನ ಕೇಳಿದೆ. ಒಬ್ಬೊಬ್ಬರಿಗೆ ಒಂದೊಂದು ಥರ ಅಂದ್ರು. ಕೆಲವರಿಗೆ ಮೊದಲು ಕಲತದ್ದು ಮೊದಲು ಬರ್ತದಂತ. ಎಲ್ಲಾರಿಗೂ ಹಂಗಲ್ಲಂತ."

ಆಮೇಲೆ ಅಜ್ಜ ಕೇಳಿದರು: "ನಿನಗ ಮೊದಲು ಮಾತು ಕಲಸಿದಾಕಿ ಎಲ್ಲಿದ್ದಾಳ?"

ಚಿನ್ಮಯ ನೆಲ ನೋಡಿದ. ಆದರೆ ಸತ್ತಿದ್ದಾಳೆ ಎಂದು ತಲೆಯಾಡಿಸಲಿಲ್ಲ.

ಅಜ್ಜ ಗಂಗವ್ವನನ್ನು ಕರೆದರು. "ನಿನಗ ಗೊತ್ತಿದ್ದ ತಾಂಡಾಗೋಳ ಹೆಸರೆಲ್ಲಾ ಒಂದೊಂದ ಹೇಳು."

ಗಂಗವ್ವ ಹೇಳುತ್ತ ಹೋದಳು. ಅಜ್ಜ ಶಿಷ್ಯನ ಕೈ ಹಿಡಿದುಕೊಂಡು ಕೂತಿದ್ದರು. ಒಂಬತ್ತನೆಯ ಹೆಸರಿಗೆ ಆ ಕೈ ಬಿಗಿಯಿತು.

"ಸಾಕು," ಎಂದರು ಅಜ್ಜ.

ಮರುದಿನ ಬೆಳಿಗ್ಗೆ ಅಜ್ಜ ಆ ತಾಂಡಾಕ್ಕೆ ಬಸ್ಸು ಹತ್ತಿ ಹೋದರು. ಮೂರನೆಯ ದಿನ ಮರಳಿದಾಗ ಅವರ ಜೊತೆ ಒಬ್ಬ ಹೆಂಗಸಿದ್ದಳು. ಕನ್ನಡಿ ಹೊಲಿದ ಹಳೆಯ ಓಢಣಿ ತಲೆಯ ಮೇಲೆ, ಕೈಯಲ್ಲೊಂದು ಗಂಟು. ಹೆಸರು ಸಕ್ರಿಬಾಯಿ.

ಅವಳು ಬೇವಿನ ಕೆಳಗೆ ಕೂತಿದ್ದವನನ್ನು ದೂರದಿಂದಲೇ ನೋಡಿ ನಿಂತಳು.

"ಥಾವರ್ಯಾ," ಎಂದು ಮಗನ ಹೆಸರು ಹಿಡಿದು ಕರೆದಳು.

ಅವನು ಎದ್ದ. ಓಡಿಹೋಗಲಿಲ್ಲ. ಹತ್ತಿರವೂ ಬರಲಿಲ್ಲ. ಬಾಯಿ ಮಾತ್ರ ತೆರೆಯಿತು. "ಯಾಡಿ."

ಸಕ್ರಿಬಾಯಿ ಅವನನ್ನು ಕೂರಿಸಿ, ತಲೆಯ ಮೇಲಿನ ಹೊಲಿಗೆಯ ಗುರುತನ್ನು ಬೆರಳಿನಿಂದ ಸವರಿದಳು. ಗಂಟು ಬಿಚ್ಚಿ ಜೋಳದ ಬಾಟಿ ಮುರಿದು ಕೈಗೆ ಕೊಟ್ಟಳು. ತನ್ನ ಮಾತಿನಲ್ಲಿ ಏನೇನೋ ಕೇಳಿದಳು. ಅವನು ಒಂದೊಂದೇ ಶಬ್ದದಲ್ಲಿ ಉತ್ತರ ಕೊಟ್ಟ.

ಆಮೇಲೆ ಅವಳು ಅಜ್ಜನ ಕಡೆ ತಿರುಗಿ ಕನ್ನಡದಲ್ಲಿ ಹೇಳಿದಳು: "ಸಾಲ್ಯಾಗ ನಮ್ಮ ಮಾತಾಡಿದ್ರ ಹುಡುಗೂರು ನಗತಿದ್ರಂತ್ರಿ. ಅದಕ್ಕ ಮನ್ಯಾಗೂ ಆಡೂದು ಬಿಟ್ಟ. ನಾ ಕರದ್ರೂ ಕನ್ನಡದಾಗ ಓ ಅಂತಿದ್ದ. ಆಮ್ಯಾಲ ಮನೀನೂ ಬಿಟ್ಟ."

ಅವಳ ದನಿಯಲ್ಲಿ ಸಿಟ್ಟಿರಲಿಲ್ಲ.

ಅವನು ತಾಯಿಯ ಮುಖ ನೋಡಿದ, ಅಜ್ಜನ ಮುಖ ನೋಡಿದ. ಕೈಯಲ್ಲಿದ್ದ ಬಾಟಿ ಕೆಳಗಿಟ್ಟ. ಅಜ್ಜನಿಗೆ ಏನೋ ಹೇಳಬೇಕಾಗಿತ್ತು. ಕನ್ನಡದಲ್ಲೇ ಹೇಳಬೇಕಾಗಿತ್ತು.

"ಅಜ್ಜಾ... ನಾ..."

ನಿಂತ. ಕಣ್ಣು ಮುಚ್ಚಿದ. "ನಾ... ಸು... ಮು..." ತಲೆಯಾಡಿಸಿದ, ಅದಲ್ಲ ಎಂದು. ಮತ್ತೆ ಮೊದಲಿನಿಂದ ಶುರು ಮಾಡಿದ. ಕುತ್ತಿಗೆಯ ನರ ಉಬ್ಬಿದವು. ಬಿಸಿಲು ಕಟ್ಟೆಯ ಮೇಲಿಂದ ಇಳಿದು ಅಂಗಳಕ್ಕೆ ಬಂತು. ಇನ್ನೂ ಹುಡುಕುತ್ತಲೇ ಇದ್ದ.

ಗಂಗವ್ವನಿಗೆ ತಡೆಯಲಾಗಲಿಲ್ಲ. ಆ ಶಬ್ದ ಅವಳ ನಾಲಿಗೆಯ ತುದಿಗೆ ಬಂದಿತ್ತು. ಅಜ್ಜ ಕೈ ಎತ್ತಿ ಬೇಡವೆಂದರು.

ಎಲ್ಲರೂ ಕಾದರು.

"ನಾ... ಸುಳ್ಳ," ಎಂದ ಥಾವರ್ಯಾ ಕೊನೆಗೆ. "ಹನ್... ವರ್ಷ... ಸುಳ್ಳ." ಮೈಯೆಲ್ಲ ಬೆವರಿನಲ್ಲಿ ತೊಯ್ದಿತ್ತು.

ಅಜ್ಜ ತಮ್ಮ ಹೆಗಲ ಮೇಲಿನ ವಲ್ಲಿಯಿಂದ ಅವನ ಮುಖ ಒರೆಸಿದರು.

"ಇಷ್ಟು ಕಷ್ಟಪಟ್ಟು ಯಾರೂ ಸುಳ್ಳು ಹೇಳೂದಿಲ್ಲಪ್ಪಾ."